ಶಿವಶರಣಪ್ಪನವರು ಅಂಗಡಿ ದೊಡ್ಡದು ಮಾಡಿದ್ದು

ಯಶವಂತಪುರ ಸ್ಟೇಷನ್ನಿನಿಂದ ಹೊರಗೆ ಬಂದು ತುಮಕೂರು ರಸ್ತೆಯ ಕಡೆ ನಾಲ್ಕು ಹೆಜ್ಜೆ ಹಾಕಿದರೆ ಒಂದು ಸಾಲು ಮಳಿಗೆಗಳಿದ್ದವು. ಮೊದಲನೆಯದು ಹೋಟೆಲು, ಎರಡನೆಯದು ಪಂಕ್ಚರ್ ಅಂಗಡಿ, ಮೂರನೆಯದು ಪಾರವ್ವ ಪುಸ್ತಕದಂಗಡಿ. ಬೋರ್ಡು ನೋಡಿ ಒಳಗೆ ಯಾರೋ ಅಜ್ಜಿ ಕೂತಿರುತ್ತಾಳೆ ಅಂದುಕೊಂಡು ಬಂದವರಿಗೆ ಕಾಣುತ್ತಿದ್ದವರು ಶಿವಶರಣಪ್ಪನವರು. ಐವತ್ತಾರು ವರ್ಷ, ಬಿಳಿ ಧೋತರ, ಹಣೆಯ ಮೇಲೆ ವಿಭೂತಿ, ಮುಖದ ಮೇಲೆ 'ನಿಮ್ಮನ್ನು ಯಾರು ಕರೆದರು' ಎನ್ನುವ ಕಳೆ. ಪಾರವ್ವ ಅವರ ತಾಯಿಯ ಹೆಸರು. ಆಯಮ್ಮ ಬಿಜಾಪುರ ಜಿಲ್ಲೆಯ ಇಂಡಿಯಲ್ಲೇ ಹುಟ್ಟಿ ಇಂಡಿಯಲ್ಲೇ ತೀರಿಕೊಂಡವಳು, ಬೆಂಗಳೂರು ಕಣ್ಣಿನಿಂದ ಕಂಡವಳಲ್ಲ.

ಶಿವಶರಣಪ್ಪನವರು ಚಿಕ್ಕಪೇಟೆಯ ಒಂದು ಪ್ರೆಸ್ಸಿನಲ್ಲಿ ಹದಿನಾಲ್ಕು ವರ್ಷ ಪ್ರೂಫ್ ತಿದ್ದಿ, ಸಾಕಾಗಿ, ಎಪ್ಪತ್ಮೂರರಲ್ಲಿ ಈ ಅಂಗಡಿ ಇಟ್ಟರು. ಇಟ್ಟ ದಿನದಿಂದ ಅವರದು ಒಂದೇ ಹಠ. ತಾವು ಓದದ ಪುಸ್ತಕ ಮಾರುವುದಿಲ್ಲ. "ತಾವ ನೋಡಲಾರದ ಕನ್ಯಾ ಇನ್ನೊಬ್ಬರಿಗೆ ಗಂಟ ಹಾಕಬಾರದ್ರಿ" ಎನ್ನುತ್ತಿದ್ದರು. ಹೊಸ ಪುಸ್ತಕದ ಕಟ್ಟು ಬಂದರೆ ಮನೆಗೆ ಹೊತ್ತು, ಓದಿ ಮುಗಿಸಿ, ಆಮೇಲೆ ಕಪಾಟಿಗೆ ಏರಿಸುವುದು. ಗಿರಾಕಿ ಪುಸ್ತಕ ಕೈಗೆತ್ತಿಕೊಂಡು "ಹೇಗಿದೆ ಸಾರ್?" ಅಂದರೆ ಚೆನ್ನಾಗಿದ್ದರೆ ಚೆನ್ನಾಗಿದೆ ಅನ್ನುವರು, ಚೆನ್ನಾಗಿಲ್ಲದಿದ್ದರೆ ಕೈಯಿಂದ ಕಿತ್ತುಕೊಂಡು ಇನ್ನೊಂದು ಕೊಡುವರು. ವ್ಯಾಪಾರ ಮಾಡುವ ರೀತಿಯೇ ಇದು? ಆದರೆ ಹಾಗೆ ಬೈಸಿಕೊಂಡು ಕೊಂಡವರು ಮತ್ತೆ ಮತ್ತೆ ಬರುತ್ತಿದ್ದರು.

ಕೊಳ್ಳದವರೂ ಬರುತ್ತಿದ್ದರು, ಅವರೇ ಹೆಚ್ಚು. ಅರಸೀಕೆರೆ, ಹುಬ್ಬಳ್ಳಿ ಕಡೆಯ ಗಾಡಿ ಯಾವತ್ತೂ ತಡ. ಕಾಯುವವರು ಟ್ರಂಕನ್ನು ಅಂಗಡಿಯ ಬೆಂಚಿನ ಕೆಳಗೆ ತಳ್ಳಿ ಕಾಲು ಚಾಚುವರು. ಇಂಟರ್‌ವ್ಯೂಗೆ ಅಂತ ಗುಲ್ಬರ್ಗದ ಕಡೆಯಿಂದ ಬಂದ ಹುಡುಗರು ಹಿಂದಿನ ಮೂಲೆಯಲ್ಲಿ ಅಂಗಿ ಬದಲಿಸಿ, ಶಿವಶರಣಪ್ಪನವರ ಬಾಚಣಿಗೆಯಿಂದಲೇ ತಲೆ ಬಾಚಿಕೊಂಡು ಹೋಗುವರು. ಇನ್ನು ಬರೆಯುವವರ ವಿಷಯ ಕೇಳಲೇಬೇಡಿ. ಬರೆಯುವವನು ಪುಸ್ತಕ ಕೊಂಡದ್ದನ್ನು ಯಾರಾದರೂ ಕಂಡಿದ್ದಾರೆಯೆ? ಶನಿವಾರ ಮಧ್ಯಾಹ್ನ ಫ್ಯಾಕ್ಟರಿಯ ಶಿಫ್ಟ್ ಬಿಟ್ಟವರು, ಆಫೀಸು ಮುಗಿದವರು ಹಾಳೆಗಳನ್ನು ಜೇಬಿನಲ್ಲಿ ಮಡಚಿಕೊಂಡು ಬಂದು ಸೇರುವರು. ಅವರಲ್ಲಿ ಗಟ್ಟಿ ಗಂಟಲಿನವನು ಬ್ಯಾಟರಾಯಪ್ಪ. ಯಲಹಂಕ ರೂಟಿನ ಬಸ್ಸಿನಲ್ಲಿ ಕಂಡಕ್ಟರು. ಕವಿತೆ ಬರೆಯುವ ಚಟ. ಅವನು ಓದುತ್ತಿದ್ದರೆ ಶಿವಶರಣಪ್ಪನವರು ಕಣ್ಣು ಮುಚ್ಚಿ ಕೇಳಿ, "ಮೂರನೇ ಸಾಲಿನ್ಯಾಗ ಒಂದು ಒತ್ತು ಬಿಟ್ಟೀಯಲ್ಲೋ" ಅನ್ನುವರು. ನೋಡಿದರೆ ನಿಜವಾಗಿಯೂ ಬಿಟ್ಟಿರುತ್ತಿತ್ತು.

ದಿನಾ ತಪ್ಪದೆ ಬರುತ್ತಿದ್ದವರು ಮಾತ್ರ ಒಬ್ಬರೇ, ಮುನಿಶಾಮಪ್ಪ. ಈ ಸಾಲು ಮಳಿಗೆಗಳ ಯಜಮಾನರು. ಮಾಕಳಿ ಕಡೆ ಹೊಲ, ಇಲ್ಲಿ ಹಳೇ ಮನೆ, ಒಂದು ಕಾಲಕ್ಕೆ ಪಂಚಾಯ್ತಿ ಮೆಂಬರು. ಸಂಜೆ ಐದು ಗಂಟೆಗೆ ಸರಿಯಾಗಿ ಬಂದು, ಬೆಂಚಿನ ತುದಿಯಲ್ಲಿ ಕೂತು, ಕೈಗೆ ಸಿಕ್ಕಿದ ಪುಸ್ತಕ ತೆಗೆದು ಹಾಳೆ ಮಗುಚಿ, "ಇದ್ರಾಗೇನೈತೆ, ಯೋಳಿ" ಅನ್ನುವರು. ಶಿವಶರಣಪ್ಪನವರು ಮೊದಲಿಂದ ಕೊನೆಯವರೆಗೆ ಹೇಳಬೇಕು. ಕಥೆ ಮುಗಿದ ಮೇಲೆ ಪುಸ್ತಕ ವಾಪಸ್ ಇಟ್ಟು, ಪಂಚೆ ಕೊಡವಿ ಎದ್ದು ಹೋಗುವರು. ಹನ್ನೊಂದು ವರ್ಷದಲ್ಲಿ ಒಂದು ಪುಸ್ತಕವನ್ನೂ ಕೊಂಡವರಲ್ಲ. "ಪೂರಾ ಕಥೀ ಫುಕಟ ಕೇಳ್ತಾನ, ಹಿಂತಾ ಜಿಪುಣ ನಮ್ಮ ಜಿಲ್ಲಾದಾಗೂ ಇಲ್ಲ" ಎಂದು ಶಿವಶರಣಪ್ಪನವರು ಮನೆಯಲ್ಲಿ ಹೆಂಡತಿಯ ಮುಂದೆ ಹೇಳಿ ನಗುತ್ತಿದ್ದರು.

ನಗು ನಿಂತದ್ದು ಕಣ್ಣಿನಿಂದ. ಎರಡು ವರ್ಷದಿಂದ ಅಕ್ಷರ ಕಲಸಿಕೊಳ್ಳುತ್ತಿತ್ತು. ಕನ್ನಡಕ ಬದಲಿಸಿದರು, ಇನ್ನೊಂದು ಬದಲಿಸಿದರು. ಕೊನೆಗೆ ದೊಡ್ಡ ಡಾಕ್ಟರರು ಕಣ್ಣಿಗೆ ದೀಪ ಬಿಟ್ಟು ನೋಡಿ, ಒಳಗಿನ ನರ ಒಣಗುತ್ತಿದೆ, ಹೋದ ದೃಷ್ಟಿ ತಿರುಗಿ ಬರುವುದಿಲ್ಲ, ಔಷಧ ಬಿಟ್ಟುಕೊಂಡು ಉಳಿದದ್ದನ್ನು ಕಾಪಾಡಿಕೊಳ್ಳಿ ಅಂದರು. ಉಳಿದದ್ದು ಎಷ್ಟು? ಮನುಷ್ಯರು ಕಾಣುವರು, ಬಸ್ಸು ಕಾಣುವುದು, ಬೋರ್ಡಿನ ದಪ್ಪ ಅಕ್ಷರ ಕಾಣುವುದು. ಪುಸ್ತಕ ಬಿಡಿಸಿದರೆ ಹಾಳೆಯ ಮೇಲೆ ಬೂದಿ ಚೆಲ್ಲಿದಂತೆ, ಅಷ್ಟೆ.

ಅಂಗಡಿಯಲ್ಲಿ ಯಾವ ಪುಸ್ತಕ ಎಲ್ಲಿದೆ ಅನ್ನುವುದು ಕೈಗೆ ಗೊತ್ತಿತ್ತು, ಯಾವುದರೊಳಗೆ ಏನಿದೆ ಅನ್ನುವುದು ತಲೆಗೆ ಗೊತ್ತಿತ್ತು. ಹಾಗಾಗಿ ಯಾರಿಗೂ ತಿಳಿಯಲಿಲ್ಲ. ಆದರೆ ಹೊಸ ಪುಸ್ತಕಗಳ ಕಟ್ಟುಗಳು ಬಿಚ್ಚದೆ ಮೇಜಿನ ಕೆಳಗೆ ರಾಶಿ ಬಿದ್ದವು. ಓದಿಲ್ಲ, ಓದಲಾಗುವುದಿಲ್ಲ, ಓದದೆ ಮಾರುವುದಿಲ್ಲ. ಕೇಳಿದವರಿಗೆ "ಇನ್ನೂ ಬಂದಿಲ್ರಿ" ಎಂಬ ಸುಳ್ಳು. ಹೆಂಡತಿ ಚನ್ನಕ್ಕ "ನಾ ಓದಿ ಹೇಳ್ತೀನಲ್ಲ" ಅಂದಳು. ಮದುವೆಯಾದಾಗಿನಿಂದ ಅವಳಿಗೆ ಕಾಗುಣಿತ ತಿದ್ದಿದ ಗಂಡಸು, ಅವಳಿಂದ ಓದಿಸಿಕೊಳ್ಳುವುದೆ? ಮೂರು ದಿನ ಮಾತು ಬಿಟ್ಟರು. ನಾಲ್ಕನೆಯ ದಿನ ತೀರ್ಮಾನಿಸಿದರು, ಯುಗಾದಿಗೆ ಅಂಗಡಿಯ ವ್ಯಾಪಾರ ನಿಲ್ಲಿಸಿಬಿಡುವುದು. ಕಾರಣ ಯಾರಿಗೂ ಹೇಳುವುದಿಲ್ಲ.

ಎಂಬತ್ನಾಲ್ಕನೇ ಇಸವಿ, ಫೆಬ್ರವರಿಯ ಒಂದು ಶನಿವಾರ. ಬ್ಯಾಟರಾಯಪ್ಪ ಕವಿತೆ ಓದಿ ಮುಗಿಸಿ ಬೆವರು ಒರೆಸಿಕೊಳ್ಳುತ್ತಿದ್ದ. ಮುನಿಶಾಮಪ್ಪ ಬೆಂಚಿನ ತುದಿಯಲ್ಲಿದ್ದರು. ಶಿವಶರಣಪ್ಪನವರು ಗಂಟಲು ಸರಿಮಾಡಿಕೊಂಡು ಹೇಳಿದರು.

"ಯುಗಾದಿ ಮುಗೀತಂದ್ರ ಅಂಗಡಿ ದೊಡ್ಡದು ಮಾಡಬೇಕಂತ ಮಾಡೀನ್ರಿ."

ಈ ಮಾತಿಗೆ ಸ್ವಲ್ಪ ವಿವರಣೆ ಬೇಕು. ಪಾರವ್ವನ ಮನೆಯಲ್ಲಿ ಕೆಲವು ಮಾತು ಬಾಯಲ್ಲಿ ಬರಕೂಡದು. ಬಳೆ ಒಡೆಯುವುದಿಲ್ಲ, 'ಹೆಚ್ಚುತ್ತದೆ'. ದೀಪ ಆರಿಸುವುದಿಲ್ಲ, 'ದೊಡ್ಡದು ಮಾಡುತ್ತಾರೆ'. ಗಂಡನಿಗೆ ಇಂಡಿಯ ಪೇಟೆಯಲ್ಲಿ ಬಟ್ಟೆ ಅಂಗಡಿ. ಅವನು ದಿನಾ ಸಂಜೆ ಮನೆಗೆ ಬಂದರೆ ಪಾರವ್ವ ಕೇಳುತ್ತಿದ್ದದ್ದು, "ಅಂಗಡಿ ದೊಡ್ಡದು ಮಾಡಿ ಬಂದ್ರೇನು?" ಒಮ್ಮೆ ಏಳು ವರ್ಷದ ಶಿವಶರಣಪ್ಪ "ಅಪ್ಪ ಅಂಗಡಿ ಮುಚ್ಚಿದ" ಅಂದು, ತೊಡೆ ಕೆಂಪಾಗುವ ಹಾಗೆ ಚಿವುಟಿಸಿಕೊಂಡಿದ್ದ. ಹೀಗಾಗಿ ಐವತ್ತಾರರ ವಯಸ್ಸಿನಲ್ಲೂ 'ಮುಚ್ಚು' ಅನ್ನುವ ಮಾತು ಅಂಗಡಿಯ ವಿಷಯಕ್ಕೆ ಅವರ ನಾಲಿಗೆಗೆ ಬರುತ್ತಿರಲಿಲ್ಲ. ಬಂದದ್ದು ತಾಯಿಯ ಮಾತು. ಅವರ ಮಟ್ಟಿಗೆ ಅವರು ಹೇಳಬೇಕಾದದ್ದನ್ನು ಸ್ಪಷ್ಟವಾಗಿ ಹೇಳಿ ಮುಗಿಸಿದ್ದರು. ಎದುರಿನವರು "ಅಯ್ಯೋ, ಯಾಕ್ರೀ?" ಅನ್ನುವುದನ್ನು ಕಾಯುತ್ತ ಕೂತರು.

"ಭಲೇ ಸಾರ್!" ಎಂದು ಬ್ಯಾಟರಾಯಪ್ಪ ಎಗರಿ ನಿಂತ. "ಹೆಂಗೆ ಸಾರ್, ಬಾಯಿಬಿಡದೆ ಇಷ್ಟು ದೊಡ್ಡ ಪ್ಲಾನ್ ಇಟ್ಕೊಂಡಿದ್ರಿ! ನಾನು ಆವತ್ತೇ ಅಂದಿದ್ದೆ, ಈ ಜಾಗ ಸಾಲಲ್ಲ ಅಂತ. ಪಕ್ಕದ ಪಂಕ್ಚರ್ ಅಂಗಡಿಯೋನು ಖಾಲಿ ಮಾಡ್ಕೊಂಡು ಹೋಗಿದಾನಲ್ಲ, ಅದನ್ನೂ ಸೇರಿಸ್ಕೊಂಡ್ರೆ ಸಖತ್ತಾಗಿರುತ್ತೆ ಸಾರ್!"

ಶಿವಶರಣಪ್ಪನವರಿಗೆ ಅರ್ಥವಾಗಲು ಒಂದು ಗಳಿಗೆ ಹಿಡಿಯಿತು. ಆಮೇಲೆ ಬಾಯಿ ತೆರೆದರು. ಬಿಡಿಸಿ ಹೇಳಬೇಕೆಂದರೆ ಆ ಕೆಟ್ಟ ಪದ ಹೇಳಬೇಕು, ಅದರ ಹಿಂದೆಯೇ ಕಣ್ಣಿನ ಸುದ್ದಿ ಹೇಳಬೇಕು. ಎದುರಿಗೆ ಬ್ಯಾಟರಾಯಪ್ಪನ ಹಲ್ಲಿನ ಸಾಲು ಮಾತ್ರ ಬೆಳ್ಳಗೆ ಕಾಣುತ್ತಿತ್ತು. ಮುನಿಶಾಮಪ್ಪ ಕೈಯಲ್ಲಿದ್ದ ಪುಸ್ತಕದ ಹಾಳೆ ಮಗುಚುತ್ತ ಕೂತಿದ್ದರು. ನಾಳೆ ಹೇಳಿದರಾಯಿತು ಎಂದು ಶಿವಶರಣಪ್ಪನವರು ಬಾಯಿ ಮುಚ್ಚಿಕೊಂಡರು.

ಮನೆಯಲ್ಲಿ ಚನ್ನಕ್ಕ ಕೇಳಿದಳು. "ಹೇಳಿದ್ರಿ?"

"ಹೇಳಿದೆ."

"ಏನಂತ ಹೇಳಿದ್ರಿ?"

"ದೊಡ್ಡದು ಮಾಡ್ತೀನಿ ಅಂತ."

ಚನ್ನಕ್ಕ ರೊಟ್ಟಿ ಬಡಿಯುವುದನ್ನು ನಿಲ್ಲಿಸಿ ಗಂಡನ ಮುಖ ನೋಡಿದಳು. ನಗು ತಡೆಯಲಾರದೆ ಹಿಟ್ಟಿನ ಕೈಯಿಂದಲೇ ಬಾಯಿ ಮುಚ್ಚಿಕೊಂಡಳು. ನಕ್ಕು ನಕ್ಕು ಕಣ್ಣಲ್ಲಿ ನೀರು ಬಂತು, ಬಂದ ನೀರು ಬೇಗ ನಿಲ್ಲಲಿಲ್ಲ. "ಈ ಊರಾಗ ದೊಡ್ಡದು ಅಂದ್ರ ದೊಡ್ಡದ ರೀ" ಎಂದಳು ಕೊನೆಗೆ. "ಇಪ್ಪತ್ತೈದು ವರ್ಷ ಆತು ಬಂದು, ಅಷ್ಟೂ ತಿಳೀಲಿಲ್ಲಾ ನಿಮಗ? ನಾಳೆ ಹೋಗಿ ಬಿಡಿಸಿ ಹೇಳ್ರಿ."

ಆ ನಾಳೆ ಬಂದರೆ ತಾನೆ. ಕಂಡಕ್ಟರನ ಕಿವಿಗೆ ಬಿದ್ದ ಮಾತು ಕೊನೆಯ ಸ್ಟಾಪಿನವರೆಗೆ ಹೋಗದೆ ಇಳಿಯುತ್ತದೆಯೆ? ಸೋಮವಾರದ ಹೊತ್ತಿಗೆ ಸಂಜಯನಗರದಿಂದ ಒಬ್ಬ ಮೇಷ್ಟರು ಬಂದು ಕೈಕುಲುಕಿದರು. ವಿದ್ಯಾರಣ್ಯಪುರದ ಇಬ್ಬರು ಹೆಂಗಸರು ಮಕ್ಕಳ ಪುಸ್ತಕಕ್ಕೆ ಒಂದು ಮೂಲೆ ಬಿಡಿ ಎಂದು ಹೇಳಿಹೋದರು. ಬ್ಯಾಟರಾಯಪ್ಪ ಡಿಪೋದವರು ಗುಜರಿಗೆ ಹಾಕಿದ್ದ ಹಳೇ ಬಸ್ಸಿನ ಸೀಟೊಂದನ್ನು ಎತ್ತಿನಗಾಡಿಯಲ್ಲಿ ತಂದು ಇಳಿಸಿ, "ದೂರದಿಂದ ಬಂದೋರು ಬೆನ್ನು ಒರಗಿಸ್ಕೋಬೇಕಲ್ಲ ಸಾರ್" ಎಂದ. ಒಬ್ಬೊಬ್ಬರು ಬಂದಾಗಲೂ ಶಿವಶರಣಪ್ಪನವರು 'ಈಗ ಹೇಳಿಬಿಡ್ತೀನಿ' ಎಂದು ಎದೆ ಗಟ್ಟಿ ಮಾಡುವರು. ಬಂದವರು ಹೋದಮೇಲೆ ತಮ್ಮನ್ನೇ ಬೈದುಕೊಳ್ಳುವರು. ನಿಜ ಹೇಳಬೇಕೆಂದರೆ ಅವರಿಗೆ ಒಳಗೊಳಗೇ ಹಿತವಾಗಿತ್ತು. ಅಂಗಡಿ ದೊಡ್ಡದಾಗಲಿ ಅಂತ ಇಷ್ಟು ಜನಕ್ಕೆ ಇತ್ತೆ? ಗೊತ್ತೇ ಇರಲಿಲ್ಲವಲ್ಲ! ಹಿತವಾದಷ್ಟೂ ಸಂಕಟ ಹೆಚ್ಚಾಯಿತು.

ಮುನಿಶಾಮಪ್ಪ ಮಾತ್ರ ಆ ವಿಷಯ ಎತ್ತಲಿಲ್ಲ. ಎಂದಿನಂತೆ ಬಂದರು, ಕೂತರು, ಕಥೆ ಕೇಳಿದರು, ಹೋದರು. ಪಂಕ್ಚರ್ ಅಂಗಡಿಯ ಜಾಗ ಕೇಳಿಕೊಂಡು ಬ್ರಾಂದಿ ಅಂಗಡಿಯವನೊಬ್ಬ ಬಂದಿದ್ದನಂತೆ, ಮುನಿಶಾಮಪ್ಪ ಅವನನ್ನು ಬಾಗಿಲಿನಿಂದಲೇ ಸಾಗಹಾಕಿದರಂತೆ ಎಂದು ಹೋಟೆಲಿನವನು ಹೇಳಿದ. ಅದನ್ನು ಕೇಳಿ ಶಿವಶರಣಪ್ಪನವರಿಗೆ ಆ ರಾತ್ರಿ ಊಟ ಸೇರಲಿಲ್ಲ. ತಮ್ಮ ಒಂದು ಮಾತಿಗಾಗಿ ಒಬ್ಬ ಮನುಷ್ಯ ಬಂದ ಬಾಡಿಗೆ ಬಿಟ್ಟ. ಯುಗಾದಿಗೆ ಹನ್ನೆರಡು ದಿನ ಉಳಿದಿತ್ತು.

ಮಾರನೆಯ ದಿನ ಬೆಳಿಗ್ಗೆ ಬೀಗ ತೆಗೆದು ಬಾಗಿಲು ತಳ್ಳಿದರೆ ಅಂಗಡಿಯ ಎಡಗಡೆ ಬೆಳಕು. ಹನ್ನೊಂದು ವರ್ಷ ಗೋಡೆಯಿದ್ದ ಕಡೆ ಬೆಳಕು. ಕಣ್ಣಿನ ದೋಷವೆಂದು ಉಜ್ಜಿಕೊಂಡರು. ಆಮೇಲೆ ಮೂಗಿಗೆ ಸುಣ್ಣದ ಧೂಳು ಹೊಡೆಯಿತು, ಕಿವಿಗೆ ಸುತ್ತಿಗೆಯ ಏಟು ಬಿತ್ತು. ಪಕ್ಕದ ಮಳಿಗೆಯ ಕಡೆಯಿಂದ ಗಾರೆ ಕೆಲಸದವರು ಗೋಡೆಯನ್ನು ಮೊಣಕಾಲೆತ್ತರದವರೆಗೆ ಒಡೆದು ಇಳಿಸಿದ್ದರು. ಕಪಾಟುಗಳಿಗೆಲ್ಲ ರಾಗಿ ಒಣಹಾಕುವ ಟಾರ್ಪಾಲು ಹೊದಿಸಿತ್ತು. ಇಟ್ಟಿಗೆ ರಾಶಿಯ ಆಚೆ ಮುನಿಶಾಮಪ್ಪ ಸೊಂಟದ ಮೇಲೆ ಕೈಯಿಟ್ಟು ನಿಂತಿದ್ದರು.

"ಯಾರನ್ನ ಕೇಳಿ ಒಡದ್ರಿ?"

"ನನ್ ಗ್ವಾಡೆ ಸ್ವಾಮಿ. ಯಾರ್ನ ಕೇಳ್ಬೇಕಿತ್ತು?"

"ಅಲ್ರಿ, ನಾ ದೊಡ್ಡದು ಮಾಡ್ತೀನಿ ಅಂದದ್ದು..."

"ದೊಡ್ದು ಮಾಡ್ತೀನಿ ಅಂದ್ರಿ. ಅದ್ನೇ ಅಲ್ವಾ ಮಾಡ್ತಿರೋದು?"

ಶಿವಶರಣಪ್ಪನವರಿಗೆ ಕೋಪ ನೆತ್ತಿಗೇರಿತು. ಯಾರ ಮೇಲೆ ಕೋಪ ಅಂತ ಅವರಿಗೂ ಗೊತ್ತಿರಲಿಲ್ಲ. "ಮುಚ್ಚತೀನ್ರೀ!" ಎಂದು ಕೂಗಿದರು. "ಮುಚ್ಚತೀನಿ ಅಂತ ಹೇಳಿದ್ದು ನಾ! ಅಂಗಡಿ ಮುಚ್ಚತೀನಿ! ಈಗರೆ ತಿಳೀತ?"

ಸುತ್ತಿಗೆಗಳು ನಿಂತವು. ಏಳನೇ ವಯಸ್ಸಿನಿಂದೀಚೆಗೆ ಆ ಮಾತು ಅವರ ಬಾಯಿಂದ ಬಂದದ್ದು ಅದೇ ಮೊದಲ ಸಲ. ತೊಡೆ ಉರಿದ ಹಾಗಾಯಿತು, ಬೇಕಾದರೆ ನಂಬಿ. ಮುನಿಶಾಮಪ್ಪ ಕೆಲಸದವರತ್ತ ತಿರುಗಿ, "ಓಗಿ, ಟೀ ಕುಡ್ಕಂಡ್ ಬನ್ನಿ" ಎಂದು ಕಳಿಸಿದರು. ಒಡೆದ ಗೋಡೆ ದಾಟಿ ಒಳಗೆ ಬಂದು, ಬಸ್ಸಿನ ಸೀಟಿನ ಧೂಳು ಹೊಡೆದು ಕೂತರು.

"ಗೊತ್ತು" ಎಂದರು.

"ಏನ್ ಗೊತ್ತು?"

"ನಮ್ಮವ್ವನೂ ಅಂಗೇ ಅಂತಿದ್ಲು ಸ್ವಾಮಿ. ದೀಪ ಆರ್ಸ್ಲಾ ಅಂದ್ರೆ ಬಾಯ್‌ಮ್ಯಾಲ್ ಕೊಡೋಳು. ದೊಡ್ದು ಮಾಡ್ಲಾ ಅನ್ಬೇಕು. ಆವತ್ತು ನೀವ್ ಅಂದೇಟ್ಗೆ ನಂಗೆ ಎದೆ ಧಸಕ್ ಅಂತು. ಆ ಕಂಡಕ್ಟ್ರಿಗೆ ಏನ್ ಗೊತ್ತಾಯ್ತದೆ, ಕುಣ್ದ. ಕುಣೀಲಿ ಬುಡು ಅಂತ ನಾನು ಸುಮ್ಕಾದೆ."

"ಗೊತ್ತಿದ್ದೂ ಗ್ವಾಡಿ ಕೆಡವಿದ್ರಾ?"

"ಗೊತ್ತಿದ್ದಿದ್ಕೇ ಕೆಡವ್ದೆ. ಒಡ್ದಿರೋ ಗ್ವಾಡೆ ಬುಟ್ಟು ಎಲ್ಲೋಯ್ತೀರಾ ನೋಡಾನ ಅಂತ." ಮುನಿಶಾಮಪ್ಪ ಪಂಚೆಯ ಮೇಲಿನ ಸುಣ್ಣ ಕೊಡವಿಕೊಂಡು ಮುಂದುವರಿಸಿದರು. "ಕಣ್ಣಿನ್ ಇಸ್ಯಾನೂ ಗೊತ್ತು. ದೀಪಾವಳಿ ಟೈಮ್ನಾಗೆ ಒಂದ್ಸಲಿ ಪುಸ್ತಕ ಬಿಡಿಸ್ಕಂಡು ಓದ್ತಾ ಇದ್ರಿ. ಮ್ಯಾಲ್ಗಡೆ ರಟ್ಟಿನ್ ಮ್ಯಾಲೆ ಎತ್ತಿನ್ ಚಿತ್ರ. ಎತ್ತು ಕಾಲ್ ಮ್ಯಾಲ್ ಮಾಡ್ಕಂಡಿತ್ತು."

ಶಿವಶರಣಪ್ಪನವರು ಇಟ್ಟಿಗೆಯ ರಾಶಿಯ ಮೇಲೆ ಕೂತುಕೊಂಡರು. ನಾಚಿಕೆಯಾಯಿತು. ಇಷ್ಟು ದಿನ ಮುಚ್ಚಿಟ್ಟದ್ದು ಇನ್ನೊಬ್ಬರ ಕಣ್ಣಿಗೆ ನಾಲ್ಕು ತಿಂಗಳಿಂದ ಬಯಲಾಗಿತ್ತು. "ಮತ್ತ ಯಾಕ ಕೇಳ್ತೀರಿ?" ಎಂದರು. "ಓದಲಿಕ್ಕೆ ಆಗಲಾರದವ ಪುಸ್ತಕದಂಗಡ್ಯಾಗ ಕೂತು ಏನ್ ಮಾಡಬೇಕ್ರಿ?"

ಮುನಿಶಾಮಪ್ಪ ಬಾಗಿಲಿನ ಕಡೆ ಒಮ್ಮೆ ನೋಡಿ ಯಾರೂ ಇಲ್ಲದ್ದನ್ನು ಖಾತ್ರಿ ಮಾಡಿಕೊಂಡರು.

"ನಾನ್ ಅನ್ನೊಂದ್ ವರ್ಸದಿಂದ ಕುಂತಿಲ್ವಾ?"

ಶಿವಶರಣಪ್ಪನವರಿಗೆ ಮೊದಲು ತಿಳಿಯಲಿಲ್ಲ. "ಅಂದ್ರ?"

"ಅಂದ್ರೆ ಇನ್ನೇನು. ನಂಗೆ ಅಕ್ಸರ ಬರಾಕಿಲ್ಲ. ಸೈನ್ ಮಾಡ್ತೀನಿ, ಅದು ಎಂಗಸ್ರು ರಂಗೋಲೆ ಇಟ್ಟಂಗೆ, ಕೈಗೆ ಅಭ್ಯಾಸ. ಪಂಚಾಯ್ತಿ ಮೆಂಬರ್ ಆಗಿದ್ದೋನು, ಯಾರ್ತಾವ ಯೋಳ್ಲಿ? ಮನೇಲ್ ಮೊಮ್ಮಕ್ಳ ತಾವ ಓದ್ಸಿದ್ರೆ ನಗ್ತವೆ. ಇಲ್ಲಿ ಪುಸ್ತಕ ಇಡ್ಕಂಡು ಇದ್ರಾಗೇನೈತೆ ಅಂದ್ರೆ ನೀವು ಪೂರ್ತಿ ಯೋಳ್ತಿದ್ರಿ. ಒಂದಿನ ಬ್ಯಾಸ್ರ ಮಾಡ್ಕಂಡೋರಲ್ಲ." ಧ್ವನಿ ಸ್ವಲ್ಪ ಒರಟಾಯಿತು. "ನೀವು ಮುಚ್ಕಂಡು ಓಗ್ಬುಟ್ರೆ ಸಾಯಂಕಾಲ ಐದ್ ಗಂಟೆ ಆದ್ರೆ ನಾನ್ ಎಲ್ಲೋಗ್ಲಿ? ಅದ್ ಯೋಳಿ ಮದ್ಲು."

ಜಿಪುಣ, ಜಿಪುಣ ಎಂದು ಶಿವಶರಣಪ್ಪನವರು ಎಷ್ಟು ಸಲ ನಕ್ಕಿದ್ದರು! ಹದಿನಾಲ್ಕು ವರ್ಷ ಅಕ್ಷರದ ತಪ್ಪು ಹುಡುಕಿದವರಿಗೆ, ಮೂರು ಮಾರು ದೂರದಲ್ಲಿ ದಿನಾ ಕೂತ ಮನುಷ್ಯನಿಗೆ ಅಕ್ಷರವೇ ಬಾರದು ಎಂದು ಹೊಳೆದಿರಲಿಲ್ಲ. ಕಣ್ಣು ಚೆನ್ನಾಗಿದ್ದಾಗಲೂ ಹೊಳೆದಿರಲಿಲ್ಲ. "ತಪ್ಪಾತ್ರಿ" ಎಂದರು. ಯಾವುದಕ್ಕೆ ಎಂದು ಮುನಿಶಾಮಪ್ಪ ಕೇಳಲಿಲ್ಲ.

ಅಷ್ಟರಲ್ಲಿ ಬಾಗಿಲಲ್ಲಿ ಯಾರೋ ಟ್ರಂಕು ಇಳಿಸಿದ ಸದ್ದು. ಮೂವತ್ತರ ಆಸುಪಾಸಿನವನು, ತೋಳಿಗೊಂದು ಬಟ್ಟೆಯ ಚೀಲ. "ಅರಸೀಕೆರೆ ಗಾಡಿ ಎರಡು ಗಂಟೆ ಲೇಟಂತೆ ಸಾರ್. ಇಲ್ಲಿ ಕೂತ್ಕೋಬಹುದು ಅಂತ ಹೋಟ್ಲಿನವರು ಹೇಳಿದ್ರು" ಎಂದ. ಧೂಳು, ಇಟ್ಟಿಗೆ ನೋಡಿ ಅನುಮಾನಿಸಿದ. ಮುನಿಶಾಮಪ್ಪ ಸರಿದು ಬಸ್ಸಿನ ಸೀಟಿನಲ್ಲಿ ಜಾಗ ಮಾಡಿಕೊಟ್ಟರು.

ಬಂದವನು ಕೂತು ಸುಮ್ಮನಿರಬಾರದೆ? ಗೋಡೆಯ ಇಟ್ಟಿಗೆ ಉರುಳಿ ಬಡಿದು ಮೇಜಿನ ಕೆಳಗಿನ ಒಂದು ಕಟ್ಟು ಬಾಯಿಬಿಟ್ಟಿತ್ತು. ಅದರಿಂದ ಒಂದು ಪುಸ್ತಕ ಎಳೆದು, ಧೂಳು ಊದಿ, ಹಿಂದೆ ಮುಂದೆ ನೋಡಿದ.

"ಹೊಸದಾ ಸಾರ್ ಇದು? ಹೇಗಿದೆ?"

ಈ ಪ್ರಶ್ನೆಗೆ ಶಿವಶರಣಪ್ಪನವರ ಬಳಿ ಹನ್ನೊಂದು ವರ್ಷದಲ್ಲಿ ಉತ್ತರ ಇಲ್ಲದ ದಿನ ಇರಲಿಲ್ಲ. ಅದು ಮಾರಾಟಕ್ಕಿಲ್ಲ ಅನ್ನಬಹುದಿತ್ತು. ಕಿತ್ತುಕೊಂಡು ಬೇರೆಯದು ಕೊಡಬಹುದಿತ್ತು. ಮುನಿಶಾಮಪ್ಪ ನೆಲ ನೋಡುತ್ತ ಕೂತಿದ್ದರು.

"ಓದಿಲ್ರಿ" ಎಂದರು ಶಿವಶರಣಪ್ಪನವರು. 'ಮುಚ್ಚತೀನಿ' ಅನ್ನುವುದು ಇದಕ್ಕಿಂತ ಸಲೀಸಾಗಿತ್ತು. "ನನ್ನ ಕಣ್ಣು ಹೋಗ್ಯಾವ, ನನಗ ಓದಲಿಕ್ಕೆ ಆಗೂದಿಲ್ಲ. ನಿಮ್ಮ ಗಾಡಿ ಬರೂತನಕ ನೀವ ಓದ್ರಿ. ಬಾಯಿ ಬಿಟ್ಟು ಓದ್ರಿ. ಚಲೋ ಅನಿಸಿತಂದ್ರ ಮಾರ್ತೀನಿ."

ಪ್ರಯಾಣಿಕ ಇಬ್ಬರ ಮುಖವನ್ನೂ ನೋಡಿದ. ಮುನಿಶಾಮಪ್ಪನವರ ಕಡೆ ಪುಸ್ತಕ ಚಾಚಿ, "ಇವರು ಓದಬಹುದಲ್ಲ?" ಎಂದ.

"ಅವರಿಗೆ ನಾನ ಹೇಳ್ಬೇಕ್ರಿ" ಎಂದು ಶಿವಶರಣಪ್ಪನವರು ತಟ್ಟನೆ ಅಂದರು. "ಅವರು ಅಂಗಡಿ ಯಜಮಾನ್ರು. ಓದೂ ಕೆಲಸ ನಮ್ಮಂಥವ್ರದು. ನೀವು ಓದ್ರಿ."

ಅವನು ಓದತೊಡಗಿದ. ಮೊದಲು ಪಿಸುಗುಟ್ಟಿದಂತೆ, ಆಮೇಲೆ ಮುನಿಶಾಮಪ್ಪ "ಜೋರಾಗ್ ಓದಪ್ಪ, ಲಾರಿ ಸದ್ದಿಗೆ ಕೇಳ್ಸಾಕಿಲ್ಲ" ಅಂದ ಮೇಲೆ ಗಟ್ಟಿಯಾಗಿ. ಟೀ ಕುಡಿದು ಬಂದ ಕೆಲಸದವರು ಸುತ್ತಿಗೆ ಎತ್ತಿದರೆ ಮುನಿಶಾಮಪ್ಪ ಕೈ ತೋರಿಸಿ ಕೂರಿಸಿದರು. ಕಥೆಯಲ್ಲಿ ಒಬ್ಬ ಹೆಂಗಸು ಬಾವಿಯ ಹತ್ತಿರ ಯಾರನ್ನೋ ಕಾಯುತ್ತಿದ್ದಳು. ಯಾರನ್ನು ಎಂದು ಹೇಳುವ ಮುಂಚೆಯೇ ಹಾಳೆ ಮುಗಿಯಿತು. ಮುಂದಿನ ಹಾಳೆಗಳು ಅಂಚು ಕತ್ತರಿಸದೆ ಅಂಟಿಕೊಂಡಿದ್ದವು. ಓದುವವನು ಜೇಬಿನಲ್ಲಿ ಬ್ಲೇಡು ಹುಡುಕತೊಡಗಿದ.

ಶಿವಶರಣಪ್ಪನವರು ಇಟ್ಟಿಗೆಯ ಮೇಲೆ ಮುಂದಕ್ಕೆ ಸರಿದು ಕೂತರು.

"ಮುಂದ?" ಎಂದು ಕೇಳಿದರು.